ವಿಡಿಯೊ ಮಾಡಿ ಕಾಲೇಜು ಖರ್ಚು ದುಡಿಯುವುದು ಹೇಗೆ?

ಯಾವ ಕ್ಯಾಮೆರಾ ಕೊಳ್ಳಲಿ ಎಂಬುದೇ ವಿದ್ಯಾರ್ಥಿಗಳ ಮೊದಲ ಪ್ರಶ್ನೆ. ಯಾವುದೂ ಬೇಡ. ಕೈಯಲ್ಲಿರುವ ಫೋನು ಸಾಕು, ಜೊತೆಗೆ ಅಂಗಿಗೆ ಸಿಕ್ಕಿಸುವ ಒಂದು ಮೈಕ್ ಇದ್ದರೆ ಆಯಿತು. ಚಿತ್ರ ತುಸು ಮಸುಕಾದರೂ ಜನ ನೋಡುತ್ತಾರೆ; ಮಾತು ಕೇಳಿಸದಿದ್ದರೆ ಮುಂದಿನ ವಿಡಿಯೊಗೆ ಹೋಗಿಬಿಡುತ್ತಾರೆ. ಹಾಸ್ಟೆಲ್ ಕೋಣೆಯ ಫ್ಯಾನ್ ನಿಲ್ಲಿಸಿ, ಕಿಟಕಿಯ ಬೆಳಕಿಗೆ ಮುಖಮಾಡಿ ಕೂತು ಮಾತಾಡಿ.

ವಿಷಯ ನಿಮ್ಮ ಮನೆಯಲ್ಲೇ ಇರುತ್ತದೆ. ತೀರ್ಥಹಳ್ಳಿ ಕಡೆಯ ಹುಡುಗಿಗೆ ಅಡಿಕೆಯನ್ನು ಚೊಗರಿನಲ್ಲಿ (ಅಡಿಕೆ ಬೇಯಿಸಿದಾಗ ಉಳಿಯುವ ಕೆಂಪು ರಸದಲ್ಲಿ) ಬೇಯಿಸುವುದು ವರ್ಷವರ್ಷದ ಕೆಲಸ. ಪೇಟೆಯಲ್ಲಿ ಬೆಳೆದವರು ಅದನ್ನು ಕಂಡಿರುವುದೇ ಇಲ್ಲ. ಬಿ.ಕಾಂ. ಓದುವವರು ಬ್ಯಾಲೆನ್ಸ್ ಶೀಟನ್ನು ಕನ್ನಡದಲ್ಲಿ ಬಿಡಿಸಿ ಹೇಳಿದರೆ, ಕನ್ನಡ ಮಾಧ್ಯಮದಿಂದ ಬಂದು ಮೊದಲ ಸೆಮಿಸ್ಟರಿನಲ್ಲೇ ಕಂಗಾಲಾದ ಎಷ್ಟೋ ಮಕ್ಕಳು ಉಸಿರಾಡುವಂತಾಗುತ್ತದೆ. ಇಂಥ ವಿಡಿಯೊಗಳು ನಮ್ಮ ಭಾಷೆಗೆ ಇನ್ನೂ ಬೇಕು.

ಇನ್ನು ದುಡ್ಡಿನ ಲೆಕ್ಕ. ಯೂಟ್ಯೂಬ್ ಜಾಹೀರಾತಿನ ಪಾಲು ಸಿಗಬೇಕಾದರೆ 1,000 ಚಂದಾದಾರರು ಬೇಕು. ಅದರ ಜೊತೆಗೆ ಹಿಂದಿನ 12 ತಿಂಗಳಲ್ಲಿ 4,000 ಗಂಟೆಗಳ ವೀಕ್ಷಣೆಯೋ, 90 ದಿನಗಳಲ್ಲಿ ಶಾರ್ಟ್ಸ್‌ಗೆ (ಪುಟ್ಟ ವಿಡಿಯೊಗಳಿಗೆ) 1 ಕೋಟಿ ವೀಕ್ಷಣೆಯೋ ಆಗಿರಬೇಕು. 4,000 ಗಂಟೆ ಎಂದರೆ 2,40,000 ನಿಮಿಷ. ಒಬ್ಬೊಬ್ಬರು ನಾಲ್ಕು ನಿಮಿಷ ನೋಡಿದರೂ 60,000 ಸಲ ನೋಡಬೇಕಾಯಿತು. ಅಷ್ಟಾದ ಮೇಲೆ ದೊಡ್ಡ ವಿಡಿಯೊಗಳ ಜಾಹೀರಾತು ಆದಾಯದಲ್ಲಿ ಶೇ 55 ನಿಮ್ಮದು. ಈ ದಾರಿ ದೂರದ್ದು. ಸೆಮಿಸ್ಟರ್ ಫೀಸನ್ನು ಇದರ ಮೇಲೆ ನೆಚ್ಚಿಕೊಳ್ಳಬೇಡಿ.

ಹಾಗಾಗಿ ಬೇರೆಯವರ ಕೆಲಸ ಹಿಡಿಯಿರಿ. ಮೊದಲ ಗಳಿಕೆ ಬರುವುದು ಇಲ್ಲಿಂದಲೇ ಎಂಬುದು ನನ್ನ ದೃಢ ನಂಬಿಕೆ. ಊರಿನ ಖಾನಾವಳಿ, ಸೀರೆ ಅಂಗಡಿ, ಟ್ಯೂಷನ್ ಸೆಂಟರ್, ಎಲ್ಲರಿಗೂ ಈಗ ರೀಲ್ಸ್ ಬೇಕು, ಮಾಡಲು ಪುರುಸೊತ್ತಿಲ್ಲ. ಮದುವೆ ಸೀಸನ್ನಿನಲ್ಲಿ ಸ್ಟುಡಿಯೊಗಳಿಗೆ ಎಡಿಟಿಂಗ್ ಮಾಡುವವರು ಸಾಲುವುದಿಲ್ಲ. ಥಂಬ್‌ನೇಲ್ (ವಿಡಿಯೊದ ಮುಖಚಿತ್ರ), ಕನ್ನಡ ಸಬ್‌ಟೈಟಲ್, ಹಿನ್ನೆಲೆ ದನಿ, ಇವಕ್ಕೂ ಗಿರಾಕಿಗಳಿದ್ದಾರೆ. ನಿಮ್ಮ ಚಾನೆಲ್ಲಿನ ಒಳ್ಳೆಯ ಮೂರು ವಿಡಿಯೊ ಆರಿಸಿ, ಫೋನಿನಲ್ಲೇ ತೋರಿಸಿ ಮಾತಾಡಿ. ಒಪ್ಪಿದರೆ ಎಷ್ಟು ವಿಡಿಯೊ, ಯಾವತ್ತಿಗೆ ಕೊಡಬೇಕು, ತಿದ್ದುಪಡಿ ಎಷ್ಟು ಸಲ ಎಂಬುದನ್ನು ವಾಟ್ಸ್‌ಆ್ಯಪ್‌ನಲ್ಲಿ ಬರೆದು ಕಳಿಸಿ, ‘ಸರಿ’ ಎಂಬ ಉತ್ತರ ತರಿಸಿಕೊಳ್ಳಿ. ಅರ್ಧ ದುಡ್ಡು ಮುಂಗಡ ಕೇಳಲು ಸಂಕೋಚ ಬೇಡ. ಹುಡುಗರು ತಾನೆ ಎಂದು ಬಿಟ್ಟಿ ಕೆಲಸ ಮಾಡಿಸಿಕೊಳ್ಳುವವರನ್ನು ನೋಡಿ ನನಗೆ ಸಂಕಟವಾಗಿದೆ.

ಸಿನಿಮಾ ಹಾಡು ಹಾಕುವ ಆಸೆ ಬಿಡಿ. ಹಕ್ಕುದಾರರು ದೂರಿತ್ತರೆ ಯೂಟ್ಯೂಬ್‌ನವರು ವಿಡಿಯೊ ತೆಗೆದುಹಾಕಿ ‘ಸ್ಟ್ರೈಕ್’ ಎಂಬ ಎಚ್ಚರಿಕೆ ಕೊಡುತ್ತಾರೆ. 90 ದಿನಗಳೊಳಗೆ ಇಂಥ ಮೂರು ಸ್ಟ್ರೈಕ್ ಬಂದರೆ ಚಾನೆಲ್ಲೇ ಹೋಗಬಹುದು. ಯೂಟ್ಯೂಬ್‌ನ ಆಡಿಯೊ ಲೈಬ್ರರಿಯಲ್ಲಿ ಉಚಿತ ಸಂಗೀತ ಸಿಗುತ್ತದೆ.

ಅಂಗಡಿಯವರು ದುಡ್ಡು ಕೊಟ್ಟು ಹೊಗಳಿಸಿದರೆ, ಅಥವಾ ಮೊಬೈಲ್ ಕವರೊಂದನ್ನು ಪುಕ್ಕಟೆ ಕೊಟ್ಟರೂ, ಅದು ಪ್ರಚಾರ ಎಂದು ವಿಡಿಯೊದಲ್ಲೇ ಕಾಣುವಂತೆ ಹೇಳಬೇಕು. ಕೇಂದ್ರದ ಗ್ರಾಹಕ ವ್ಯವಹಾರಗಳ ಇಲಾಖೆ 2023ರ ಜನವರಿಯಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ಇದು ಸ್ಪಷ್ಟವಾಗಿದೆ. ವಿಡಿಯೊದ ಕೆಳಗಿನ ವಿವರಣೆಯ ಕೊನೆಯಲ್ಲಿ ಒಂದು ಸಾಲು ಬರೆದು ಮುಗಿಸಿದರೆ ಸಾಲದು.

ಜಾಹೀರಾತಿನ ದುಡ್ಡು ಬರುವ ಹಂತ ಮುಟ್ಟಿದವರು ಖಾತೆಯನ್ನು ಮೊದಲೇ ಸರಿಮಾಡಿಕೊಳ್ಳಿ. ಈ ಹಣ ಬರುವುದು ಗೂಗಲ್‌ನ ಆ್ಯಡ್‌ಸೆನ್ಸ್ ಖಾತೆಯ ಮೂಲಕ; ಅದಕ್ಕೆ 18 ವರ್ಷ ತುಂಬಿರಬೇಕು. ಹೆಸರು ಬ್ಯಾಂಕ್ ಪಾಸ್‌ಬುಕ್ಕಿನಲ್ಲಿರುವಂತೆಯೇ ಇರಲಿ. ವಿದೇಶದಿಂದ ಹಣ ಬರಲು ಬೇಕಾದ ಸ್ವಿಫ್ಟ್ ಕೋಡ್ ಅನ್ನು ಬ್ಯಾಂಕಿನಲ್ಲಿ ಕೇಳಿ ಪಡೆಯಿರಿ. ಅಮೆರಿಕದ ತೆರಿಗೆ ನಮೂನೆಯನ್ನು ತಪ್ಪದೆ ತುಂಬಿ. ಬಿಟ್ಟರೆ ಒಟ್ಟು ಗಳಿಕೆಯ ಶೇ 24ರವರೆಗೆ ಮುರಿದುಕೊಳ್ಳಬಹುದು. ಗಳಿಕೆ 100 ಡಾಲರ್ ಮುಟ್ಟಿದ ಮೇಲಷ್ಟೇ ಹಣ ಖಾತೆಗೆ ಬರುತ್ತದೆ. ಅದಕ್ಕೂ ಮುಂಚೆ, 10 ಡಾಲರ್ ಆದಾಗ, ವಿಳಾಸ ಖಚಿತಪಡಿಸಲು ಪಿನ್ ಇರುವ ಕಾಗದ ಅಂಚೆಯಲ್ಲಿ ಬರುತ್ತದೆ. ಸೆಮಿಸ್ಟರಿಗೊಮ್ಮೆ ಬದಲಾಗುವ ಪಿ.ಜಿ. ವಿಳಾಸ ಕೊಟ್ಟರೆ ಅದು ಯಾರ ಕೈಗೆ ಸೇರುತ್ತದೋ. ಊರಿನ ಮನೆಯ ವಿಳಾಸವನ್ನೇ ಕೊಡಿ. ಗೂಗಲ್ ಹೆಸರಿನ ಕಾಗದ ಬಂದರೆ ಎತ್ತಿಡಲು ಅಮ್ಮನಿಗೂ ಪೋಸ್ಟ್‌ಮ್ಯಾನ್‌ಗೂ ಮುಂಚೆಯೇ ಹೇಳಿಡಿ.