ರೊಟ್ಟಿ ಬಡಿಯೋದು ಕಲಿಸುವ ಮೊದಲು ಹಿಟ್ಟು ಕೈಗೆ ಕೊಡಿ
ನಮ್ಮ ಕಲಬುರಗಿ ಕಡೆ ಅವ್ವ ಜೋಳದ ರೊಟ್ಟಿ ಬಡಿಯುವಾಗ ಮಕ್ಕಳು ಪಕ್ಕದಲ್ಲೇ ಕೂತು ನೋಡುತ್ತಾರೆ, ಅಲ್ವಾ? ಸುಮ್ನೆ ನೋಡಲು ಬಿಡಬೇಡಿ. ಮೊದಲು ಒಂದು ಸಣ್ಣ ಉಂಡೆ ಕೈಗೆ ಕೊಡಿ. ಜೋಳದ ಹಿಟ್ಟಿಗೆ ಗೋಧಿಯಷ್ಟು ಜಿಗಿ ಇಲ್ಲ, ಒತ್ತಿದರೆ ಅಂಚು ಬಿರಿಯುತ್ತದೆ. ಇದು ಬೆರಳಿಗೆ ಗೊತ್ತಾದ ಮೇಲೆ ನಿಮ್ಮ ಕೈ ನೋಡಲಿ. ಬಡಿಯುತ್ತಾ ಬಡಿಯುತ್ತಾ ರೊಟ್ಟಿ ಯಾಕೆ ತಿರುಗಿಸುತ್ತೀರಿ ಅನ್ನೋದು ಆಗ ಅವರ ಕಣ್ಣಿಗೆ ಬೀಳುತ್ತದೆ.

ಇದಕ್ಕೆ ಆಧಾರವೂ ಇದೆ. 2005ರಲ್ಲಿ ಪ್ರಕಟವಾದ ಒಂದು ಪ್ರಯೋಗದಲ್ಲಿ 3 ತಿಂಗಳ ಕೂಸುಗಳಿಗೆ ಆಟಿಕೆ ಅಂಟಿಕೊಳ್ಳುವಂಥ ವೆಲ್ಕ್ರೋ ಪಟ್ಟಿಯ ಕೈಗವಸು ಹಾಕಿ ಆಟಿಕೆ ಹಿಡಿಯಲು ಬಿಟ್ಟರು. ಮೊದಲು ತಾವೇ ಹಿಡಿದ ಕೂಸುಗಳು ಬೇರೆಯವರ ಕೈ ಯಾವ ಆಟಿಕೆಗೆ ಚಾಚುತ್ತಿದೆ ಎಂದು ಗುರುತಿಸಿದವು. ಮೊದಲು ಬರೀ ನೋಡಿದ ಕೂಸುಗಳಲ್ಲಿ ಅದು ಕಾಣಲಿಲ್ಲ.

ಹಿಟ್ಟಿಗೆ ಬಿಸಿನೀರು ಹಾಕಿರುತ್ತೀರಿ. ಉಂಡೆ ಆರಿದ ಮೇಲೆ ಕೊಡಿ, ಹಂಚಿನಿಂದ ದೂರ ಕೂರಿಸಿ.