ಕ್ಯಾಲೆಂಡರ್ ಹಿಡಿದುಕೊಟ್ಟ ಕಳ್ಳ

ನಮ್ಮ ನಾಯಿ ಕರಿಯನಿಗೆ ವರ್ಷವಿಡೀ ಕೆರೆತ. ಪಾದ ನೆಕ್ಕಿ ನೆಕ್ಕಿ ಕೆಂಪಾಗಿತ್ತು, ಕಿವಿಯಲ್ಲಿ ವಾಸನೆ ಬೇರೆ. ಚಿಗಟ, ಉಣ್ಣಿ ಇಲ್ಲ ಅಂತ ಖಚಿತವಾದ ಮೇಲೆ ಯಾವುದಾದರೂ ಆಹಾರ ಒಗ್ಗುತ್ತಿಲ್ಲವಾ ಅಂತ ನೋಡಲು ಡಾಕ್ಟರು 8 ವಾರದ ಪಥ್ಯ ಹೇಳಿದರು. ಅವನು ಹಿಂದೆಂದೂ ತಿನ್ನದ ಹಂದಿಮಾಂಸ, ಜೊತೆಗೆ ಬೇಯಿಸಿದ ಸಿಹಿಗೆಣಸು. ಅಷ್ಟೇ.

ಮೂರು ವಾರವಾದರೂ ಕಡಿಮೆಯಾಯಿತಾ ಅಂದರೆ ನಾನೊಂದು, ಅಮ್ಮ ಇನ್ನೊಂದು ಹೇಳುತ್ತಿದ್ದೆವು. ನೆನಪನ್ನು ನಂಬಿ ಸುಮ್ನೆ ಜಗಳ. ಅಡುಗೆಮನೆ ಕ್ಯಾಲೆಂಡರ್‌ನಲ್ಲೇ ಬರೆಯತೊಡಗಿದೆ: ದಿನಾ ರಾತ್ರಿ ಕೆರೆತಕ್ಕೆ 0ಯಿಂದ 10ರೊಳಗೆ ಒಂದು ಅಂಕ, ಬಾಯಿಗೆ ಹೋದದ್ದೆಲ್ಲ, ಕಕ್ಕ ಹೇಗಿತ್ತು. ವಾರಕ್ಕೊಮ್ಮೆ ಅದೇ ಬೆಳಕಿನಲ್ಲಿ ಪಾದದ ಫೋಟೊ.

ನೋಡಿದರೆ ಅಂಕ ಏರುತ್ತಿದ್ದದ್ದು ಸೋಮವಾರ, ಮಂಗಳವಾರ. ಭಾನುವಾರ ಏನು ವಿಶೇಷ? ಪಕ್ಕದ ಮನೆಯಲ್ಲಿ ಕೋಳಿ ಸಾರು! ಅಜ್ಜಿ ಪ್ರೀತಿಯಿಂದ ಕಾಂಪೌಂಡ್ ಮೇಲಿಂದ ಒಂದು ತುಂಡು ಹಾಕುತ್ತಿದ್ದರು. ಅವರಿಗೆ ಬಿಡಿಸಿ ಹೇಳಿದೆ. ಮಾಂಸದ ರುಚಿಯ ಹುಳುವಿನ ಮಾತ್ರೆಯನ್ನೂ ಡಾಕ್ಟರನ್ನು ಕೇಳಿ ಬದಲಿಸಿದೆ. ಪಥ್ಯ ಮತ್ತೆ ಮೊದಲನೇ ದಿನದಿಂದ ಶುರು, ಬೇಜಾರಾಯಿತು ನಿಜ.

8ನೇ ವಾರಕ್ಕೆ ಅಂಕ 2. ಆಮೇಲೆ ಡಾಕ್ಟರು ಹೇಳಿದಂತೆ ಬೇಕಂತಲೇ ಕೋಳಿ ಕೊಟ್ಟೆವು. ಮೂರನೇ ದಿನ 8! ನಿಲ್ಲಿಸಿದ ಮೇಲೆ ಇಳಿಯಿತು. ಈಗ ಮೊಟ್ಟೆಯ ಪರೀಕ್ಷೆ ನಡೆದಿದೆ, ಅಜ್ಜಿ ದಿನಾ ಅಂಕ ಕೇಳುತ್ತಾರೆ.