ಒಂದು ಹಳೇ ಬೈ ಎಲೆಕ್ಷನ್ನಿನ ಲೆಕ್ಕ ಬಿಡಿಸಿದ್ದು

ಶುರುವಾಗಿದ್ದು ಎಮಲಿನ್ ಪ್ಯಾಂಕ್‌ಹರ್ಸ್ಟ್ ಅವರ ಆತ್ಮಕಥೆಯಿಂದ. ಬ್ರಿಟನ್ನಿನಲ್ಲಿ ಹೆಂಗಸರಿಗೆ ಓಟು ಬೇಕು ಅಂತ ಹೋರಾಡಿದವರು. ಅದರಲ್ಲಿ ಒಂದು ಗಲಾಟೆಯ ಪ್ರಸಂಗ ಇದೆ. 1908ರ ಜನವರಿ, ಡೆವನ್ ಸೀಮೆಯ ನ್ಯೂಟನ್ ಆ್ಯಬಟ್ ಪೇಟೆ. ಉಪಚುನಾವಣೆಯ ಫಲಿತಾಂಶ ಬಂದಿದೆ, ಆಳುವ ಲಿಬರಲ್ ಪಕ್ಷ ಸೋತಿದೆ. ಜೇಡಿಮಣ್ಣಿನ ಗಣಿಯಲ್ಲಿ ದುಡಿಯುವ ಹುಡುಗರ ಗುಂಪು, ಸೋಲಿಸಿದ್ದು ಈ ಹೆಂಗಸರೇ ಅಂತ ಎಮಲಿನ್ ಮತ್ತು ಅವರ ಜೊತೆಗಿದ್ದ ನೆಲ್ಲಿ ಮಾರ್ಟೆಲ್ ಮೇಲೆ ಬಿತ್ತು. ಎಮಲಿನ್ ಕೆಸರಿಗೆ ಬಿದ್ದರು, ಕಾಲಿಗೆ ಪೆಟ್ಟಾಯಿತು. ಕೊನೆಗೆ ಪೊಲೀಸರು ಬಂದು ಬಿಡಿಸಿದರು.

ಓಟೇ ಇಲ್ಲದ ಹೆಂಗಸರು ಒಂದು ಸೀಟು ಬೀಳಿಸಿದರಾ? ನೋಡೇ ಬಿಡೋಣ ಅಂತ ಕೂತೆ.

ಮೊದಲ ದಿನ ಪೂರ್ತಿ ದಂಡ. ಈ ಕ್ಷೇತ್ರವನ್ನು ಎಲ್ಲರೂ ಬರೆಯೋದು ‘ಮಿಡ್ ಡೆವನ್’ ಅಂತ. ಕ್ಷೇತ್ರಗಳ ಪಟ್ಟಿಯಲ್ಲಿ ಹುಡುಕಿದರೆ ಆ ಹೆಸರೇ ಇಲ್ಲ! ದಾಖಲೆಯಲ್ಲಿ ಅದು ಆಶ್‌ಬರ್ಟನ್. ಇನ್ನೊಂದು ಎಡವಟ್ಟೂ ಆಯಿತು. ಆ ಹುಡುಗರು ಕೆಂಪು ಬಿಲ್ಲೆ ಸಿಕ್ಕಿಸಿಕೊಂಡಿದ್ದರು ಅಂತ ಓದಿ, ಲೇಬರ್ ಪಕ್ಷದವರು ಅಂತ ಗುರುತು ಹಾಕಿಕೊಂಡೆ. ಆದರೆ ಅಲ್ಲಿ ಆಗ ಕೆಂಪು ಲಿಬರಲ್ ಬಣ್ಣ. ಇವತ್ತಿನ ಬಣ್ಣ ಹಿಡಿದುಕೊಂಡು ಹಳೇ ಚುನಾವಣೆ ಓದಿದರೆ ಹೀಗೇ ಆಗೋದು. ‘ಠೇವಣಿ ಉಳೀತಾ’ ಅಂತಲೂ ಹುಡುಕಿದ್ದೆ, ನಗಬೇಡಿ. ಅಲ್ಲಿ ಠೇವಣಿ ಬಂದಿದ್ದೇ 1918ರಲ್ಲಿ.

ಆಮೇಲೆ ಸೀಟು ಯಾಕೆ ಖಾಲಿಯಾಯಿತು ಅಂತ ನೋಡಿದೆ. ಲಿಬರಲ್ ಸದಸ್ಯ ಹ್ಯಾರಿ ಟ್ರೆಲಾನಿ ಈವ್ ಹೈಕೋರ್ಟ್ ನ್ಯಾಯಾಧೀಶರಾದರು, ಅಷ್ಟೇ. ಅವರ ಜಾಗಕ್ಕೆ ಚಾರ್ಲ್ಸ್ ರೋಡನ್ ಬಕ್ಸ್‌ಟನ್ ನಿಂತರು. ಎದುರಿಗೆ ಯೂನಿಯನಿಸ್ಟ್ ಪಕ್ಷದ, ಅಂದರೆ ಆಗಿನ ಕನ್ಸರ್ವೇಟಿವ್ ಬಣದ, ಅರ್ನೆಸ್ಟ್ ಮಾರಿಸನ್ ಬೆಲ್. 1885ರಲ್ಲಿ ಕ್ಷೇತ್ರ ಹುಟ್ಟಿದಾಗಿನಿಂದ ಅದು ಲಿಬರಲ್ ಕೋಟೆ.

ಈಗ ಅಂಕಿ. ಹಳೇ ಕ್ಯಾಲೆಂಡರ್ ಹಾಳೆಯ ಹಿಂದೆ ಎರಡು ಸಾಲು ಬರೆದುಕೊಂಡೆ. 1906ರಲ್ಲಿ ಈವ್‌ಗೆ 5,079, ಎದುರಾಳಿಗೆ 3,790. ಅಂತರ 1,289. 1908ರಲ್ಲಿ ಮಾರಿಸನ್ ಬೆಲ್‌ಗೆ 5,191, ಬಕ್ಸ್‌ಟನ್‌ಗೆ 4,632. ಅಂತರ 559. ಎಲ್ಲರೂ ನೋಡೋದು ಆ ಎರಡು ಅಂತರಗಳನ್ನು ಮಾತ್ರ. ನಾನೂ ಅಲ್ಲೇ ನಿಂತಿದ್ದೆ. ಸುಮ್ನೆ ಮೇಲಿನಿಂದ ಕೆಳಕ್ಕೆ ಕಳೆದು ನೋಡಿದಾಗ ಕಥೆ ಬದಲಾಯಿತು. ಲಿಬರಲ್ಲರು ಕಳೆದುಕೊಂಡಿದ್ದು ಬರೀ 447. ಯೂನಿಯನಿಸ್ಟರಿಗೆ ಜಾಸ್ತಿ ಬಂದಿದ್ದು 1,401! ಆ 447 ಮಂದಿ ಎಲ್ಲರೂ ಪಕ್ಷ ಬದಲಿಸಿದರು ಅಂತಲೇ ಇಟ್ಟುಕೊಳ್ಳಿ. ಉಳಿದ 954 ಎಲ್ಲಿಂದ ಬಂತು?

1906ರಲ್ಲಿ ದೇಶದ ತುಂಬ ಲಿಬರಲ್ ಗಾಳಿ ಬೀಸಿತ್ತು. ಅವತ್ತು ಮನೆಯಲ್ಲೇ ಕೂತಿದ್ದ ಯೂನಿಯನಿಸ್ಟ್ ಬೆಂಬಲಿಗರು ಈ ಸಲ ಬೂತಿಗೆ ಬಂದರು ಅಂತ ನನ್ನ ಅಂದಾಜು. ಅವರ ದೊಡ್ಡ ಕೂಗು ಆಗ ಹೊರದೇಶದ ಸರಕಿಗೆ ಸುಂಕ ಹಾಕಬೇಕು ಅನ್ನೋದು. ಲಿಬರಲ್ಲರ ಉತ್ತರ, ಹಾಗೆ ಮಾಡಿದರೆ ಬ್ರೆಡ್ಡಿನ ಬೆಲೆ ಏರುತ್ತೆ ಅಂತ.

ಹಾಗಂತ ಎಮಲಿನ್ ಅವರ ಪ್ರಚಾರ ವ್ಯರ್ಥ ಅಂತ ಹೇಳೋ ಧೈರ್ಯ ನನಗಿಲ್ಲ. ಹೆಂಗಸರಿಗೆ ಓಟು ಕೊಡದ ಸರ್ಕಾರದ ಅಭ್ಯರ್ಥಿ ಯಾರೇ ಆಗಲಿ, ಸೋಲಿಸಿ ಅನ್ನೋದು ಅವರ ನಿಲುವು. ಆ 447ರಲ್ಲಿ ಅವರ ಮಾತಿಗೆ ಮನಸ್ಸು ಬದಲಿಸಿದವರು ಇದ್ದಿರಬಹುದು. ಅವರ ಕೈವಾಡವನ್ನು ದೊಡ್ಡದು ಮಾಡಿ ಹೇಳಿದವರಲ್ಲಿ ಆ ಗಣಿಯ ಹುಡುಗರೂ ಸೇರುತ್ತಾರೆ ಅನ್ನೋದು ತಮಾಷೆ, ಅಲ್ವಾ?

ಬಕ್ಸ್‌ಟನ್ 1910ರ ಜನವರಿಯಲ್ಲಿ ಅದೇ ಸೀಟು ವಾಪಸ್ ಗೆದ್ದರು. ಅದೇ ವರ್ಷ ಡಿಸೆಂಬರಿನಲ್ಲಿ ಅದೇ ಮಾರಿಸನ್ ಬೆಲ್ ಎದುರು ಮತ್ತೆ ಸೋತರು. ಕ್ಯಾಲೆಂಡರ್ ಹಾಳೆಯಲ್ಲಿ ಇನ್ನೂ ಎರಡು ಸಾಲಿಗೆ ಜಾಗ ಬಿಟ್ಟಿದ್ದೇನೆ.